ಒನ್ನಿ ಅಂದ್ರೆ ಏನು ಅಂತ ಕೇಳುವವರಿಗೆಲ್ಲ

ರಜೆಗೆ ತಿಪಟೂರಿಗೆ ಬಂದಾಗಲೆಲ್ಲ ಇದೇ ಕತೆ. ಮಗನ ಹೆಸರೇನು ಅಂತ ಕೇಳುತ್ತಾರೆ. ಒನ್ನಿ ಅನ್ನುತ್ತೇನೆ. ಎದುರಿಗಿದ್ದವರು ಒಂದು ಗಳಿಗೆ ಸುಮ್ಮನಾಗುತ್ತಾರೆ, ಆಮೇಲೆ ಶುರು. "ಉಣ್ಣಿನಾ? ನಿಮ್ಮ ಯಜಮಾನ್ರು ಕೇರಳದವರಾ?" ಅಂತ ಬಸ್ಸಿನಲ್ಲಿ ಪಕ್ಕದ ಸೀಟಿನವರು. "ಹಸು ಕೆಚ್ಚಲಿಗೆ ಕಚ್ಚಿಕೊಳ್ಳುತ್ತಲ್ಲ, ಆ ಉಣ್ಣೆನಾ?" ಅಂತ ನಮ್ಮ ಚಿಕ್ಕಪ್ಪ, ಬೇಕು ಬೇಕಂತಲೇ. ಕೊರಿಯನ್ ಸೀರಿಯಲ್ ಹುಚ್ಚಿನ ಅಕ್ಕನ ಮಗಳಂತೂ ಬಿದ್ದು ಬಿದ್ದು ನಕ್ಕಳು, ಅಲ್ಲಿ ಹುಡುಗಿಯರು ಅಕ್ಕನನ್ನು ಕರೆಯೋದು ಹೆಚ್ಚುಕಡಿಮೆ ಹಾಗೇ ಅಂತೆ. ಇಂಗ್ಲಿಷ್ ಜಾಸ್ತಿ ಮಾತಾಡುವವರು "ಓನಿ" ಅಂತ ಎಳೆಯುತ್ತಾರೆ. ನನ್ನ ಕಿವಿಗೆ ಅದು ಓಣಿ.

ಇಷ್ಟೆಲ್ಲ ಆದಮೇಲೆ ಎಲ್ಲರೂ ಕೇಳುವುದು ಒಂದೇ. ಅದರ ಅರ್ಥ ಏನು, ಯಾಕೆ ಆ ಹೆಸರು ಇಟ್ರಿ? ಬಸ್ಸು ನಿಲ್ಲುವಷ್ಟರಲ್ಲಿ ಹೇಳಿ ಮುಗಿಸುವ ಉತ್ತರ ನನ್ನ ಹತ್ತಿರ ಇಲ್ಲ. ಅದಕ್ಕೇ ಬರೆದಿಡುತ್ತಿದ್ದೇನೆ.

ನನ್ನ ಗಂಡ ಫಿನ್‌ಲ್ಯಾಂಡಿನವರು. ನಾವಿರುವುದು ಅಲ್ಲಿನ ತಾಂಪೆರೆಯಲ್ಲಿ. ಒನ್ನಿ ಅಪ್ಪಟ ಫಿನ್ನಿಷ್ ಹೆಸರು, ಗಂಡುಮಕ್ಕಳಿಗೆ ಇಡುವಂಥದ್ದು. ಅರ್ಥ ಅದೃಷ್ಟ ಅನ್ನಿ, ಸುಖ ಅನ್ನಿ. ನಮಗೆ ಇವೆರಡೂ ಬೇರೆ ಬೇರೆ, ಅವರಿಗೆ ಎರಡಕ್ಕೂ ಒಂದೇ ಮಾತು. ಕನ್ನಡದಲ್ಲಿ ಇದಕ್ಕೆ ಹತ್ತಿರದ್ದು ಹುಡುಕಿ ಹುಡುಕಿ ನಾನು ಭಾಗ್ಯಕ್ಕೆ ಬಂದು ನಿಂತಿದ್ದೇನೆ. ಭಾಗ್ಯ ಅಂದರೆ ಲಾಟರಿ ಹೊಡೆಯುವ ಅದೃಷ್ಟ ಮಾತ್ರ ಅಲ್ಲ, ಹಲ್ಲು ಕಿಸಿಯುವ ಖುಷಿಯೂ ಅಲ್ಲ. ನಮ್ಮ ಭಾಗಕ್ಕೆ ಬಂದದ್ದು. ಒನ್ನಿಯೂ ಹಾಗೇ. ಮಗಳು ಹುಟ್ಟಿದ್ದರೆ ಭಾಗ್ಯ ಅಂತ ಇಟ್ಟು ಎರಡೂ ಕಡೆಯವರನ್ನು ಸಮಾಧಾನ ಮಾಡಬಹುದಿತ್ತು. ಹುಟ್ಟಿದ್ದು ಮಗ.

ಆ ಪದಕ್ಕೆ ದೊಡ್ಡ ಸಂಸಾರ ಇದೆ. ಒನ್ನೆಲ್ಲಿನೆನ್ ಅಂದರೆ ಸುಖಿ. ಒನ್ನಿಸ್ತುಆ ಅಂದರೆ ಕೆಲಸ ಕೈಗೂಡುವುದು. ಹುಟ್ಟುಹಬ್ಬಕ್ಕೂ ಮದುವೆಗೂ ಪರೀಕ್ಷೆಗೆ ಹೊರಟವನಿಗೂ ಹೇಳುವುದು ಒಂದೇ ಮಾತು, ಒನ್ನೆಯಾ. ಇದೆಲ್ಲ ಭಾಷೆಯ ತರಗತಿಯಲ್ಲಿ ಕಲಿತಿದ್ದೆ, ತಲೆಗೂ ಹೋಗಿತ್ತು. ಮೈಗೆ ಹೋಗಿದ್ದು ಮಾತ್ರ ಬೇರೆ ದಿನ.

ಮಗನಿಗೆ ಆಗ ಮೂರು ವರ್ಷ. ಶಿಶುವಿಹಾರದಿಂದ ಫೋನ್ ಬಂತು. ಟೀಚರ್ ತುಂಬ ಸಮಾಧಾನವಾಗಿ "ಒನ್ನಿಲ್ಲೆ ಸತ್ತುಯಿ ಪಿಯೆನಿ ಒನ್ನೆತ್ತೊಮೂಸ್" ಅಂದರು. ನನ್ನ ಫಿನ್ನಿಷ್ ಆಗ ಅಷ್ಟಕ್ಕಷ್ಟೇ. ಅದೂ ಅಲ್ಲದೆ ನಡುವೆ "ಸತ್ತುಯಿ" ಅಂತ ಕೇಳಿದರೆ ಕನ್ನಡದ ಅಮ್ಮನ ಗತಿ ಏನಾಗಬೇಕು ಹೇಳಿ. ಕೈಕಾಲು ತಣ್ಣಗಾಯಿತು. ಸತ್ತುಯಿ ಅಂದರೆ ಆಯಿತು, ಸಂಭವಿಸಿತು ಅಂತ ಅಷ್ಟೇ. ಪಿಯೆನಿ ಅಂದರೆ ಚಿಕ್ಕದು. ಒನ್ನೆತ್ತೊಮೂಸ್ ಅಂದರೆ ಅಪಘಾತ. ಬಿಡಿಸಿ ನೋಡಿದರೆ ಒನ್ನಿ ಇಲ್ಲದಿರುವಿಕೆ, ಭಾಗ್ಯ ತಪ್ಪಿದ್ದು. ಅಂದರೆ ಒನ್ನಿಗೆ ಒನ್ನಿ ತಪ್ಪಿತ್ತು. ಜಾರುಬಂಡಿಯಿಂದ ಮುಗ್ಗರಿಸಿ ತುಟಿ ಸೀಳಿಕೊಂಡಿದ್ದ, ಹಲ್ಲು ಉಳಿದಿತ್ತು. ಓಡಿಹೋಗಿ ನೋಡಿದರೆ ಬಾಯಿಗೆ ಐಸ್ ಇಟ್ಟುಕೊಂಡು ಜಂಬದಿಂದ ಕೂತಿದ್ದ. ಹಲ್ಲು ಉಳಿದದ್ದಕ್ಕೆ ಟೀಚರ್ ಹೇಳಿದ್ದು "ಒನ್ನಿ ಒನ್ನೆತ್ತೊಮೂದೆಸ್ಸಾ". ಅಪಘಾತದಲ್ಲೂ ಭಾಗ್ಯ ಅಂತ. ತಲೆಗೆ ಬಂದದ್ದು ತಲೆಪಾಗಿಗೆ ಹೋಯಿತು ಅಂತ ನಾವು ಹೇಳುವ ಜಾಗದಲ್ಲಿ ಅವರು ಹೇಳುವ ಮಾತು. ಆಮೇಲೆ ತಾವು ಆಡಿದ್ದರಲ್ಲೇ ನಮ್ಮ ಹುಡುಗನ ಹೆಸರು ಸಿಕ್ಕಿಕೊಂಡಿದೆ ಅಂತ ಗೊತ್ತಾಗಿ ಅವರೇ ನಕ್ಕುಬಿಟ್ಟರು.

ಸರಿ, ಹೆಸರು ಎಷ್ಟು ಹಳೆಯದು? ಪದ ಹಳೆಯದು. ಅದನ್ನೇ ಹುಡುಗರಿಗೆ ಹೆಸರಾಗಿ ಇಡುವ ಅಲೆ ಎದ್ದದ್ದು 19ನೇ ಶತಮಾನದ ಕೊನೆಗೆ. ಅದಕ್ಕೆ ಕಾರಣ ಇದೆ. ಫಿನ್‌ಲ್ಯಾಂಡ್ 1809ರವರೆಗೆ ಸ್ವೀಡನ್ನಿನ ಕೈಯಲ್ಲಿತ್ತು, ಆಮೇಲೆ 1917ರವರೆಗೆ ರಷ್ಯಾದ ಚಕ್ರವರ್ತಿಯ ಕೈಯಲ್ಲಿ. ಓದುಬರಹ, ಕೋರ್ಟು, ಚರ್ಚಿನ ಲೆಕ್ಕದ ಪುಸ್ತಕ ಎಲ್ಲ ಸ್ವೀಡಿಷ್. ಮನೆಯಲ್ಲಿ ಹೆಯ್ಕ್ಕಿ ಅಂತ ಕರೆಸಿಕೊಳ್ಳುವವನು ಪಾದ್ರಿಯ ಪುಸ್ತಕದಲ್ಲಿ ಹೆನ್ರಿಕ್ ಆಗಿರುತ್ತಿದ್ದ. ನಮ್ಮಲ್ಲೂ ಶಾಲೆಗೆ ಸೇರಿಸುವಾಗ ಮೇಷ್ಟ್ರು ಕೆಂಚನನ್ನು ಕೆಂಪರಾಜ ಮಾಡುತ್ತಿದ್ದರಲ್ಲ, ಹೆಚ್ಚುಕಡಿಮೆ ಹಾಗೆ. 1835ರಲ್ಲಿ ಎಲಿಯಾಸ್ ಲೊನ್‌ರೊತ್ ಅನ್ನುವ ಡಾಕ್ಟರು ಹಳ್ಳಿ ಹಳ್ಳಿ ಅಲೆದು ಕೂಡಿಸಿದ ಹಾಡುಗಳಿಂದ ಕಲೆವಾಲ ಮಹಾಕಾವ್ಯ ಬಂತು. 1863ರಲ್ಲಿ ಫಿನ್ನಿಷ್ ಭಾಷೆಗೆ ಆಡಳಿತದಲ್ಲಿ ಜಾಗ ಕೊಡುವ ಆಜ್ಞೆ ಹೊರಬಿತ್ತು. ಆ ಗಾಳಿಯಲ್ಲಿ ಜನ ಸಂತರ ಹೆಸರು ಬಿಟ್ಟು ತಮ್ಮ ಮಾತಿನ ಪದಗಳನ್ನೇ ಎತ್ತಿಕೊಂಡು ಮಕ್ಕಳಿಗೆ ಇಟ್ಟರು. ತೊಯ್ವೊ ಅಂದರೆ ಭರವಸೆ. ಉರ್ಹೊ ಅಂದರೆ ಧೀರ. ಆರ್ಮಸ್ ಅಂದರೆ ಪ್ರೀತಿಯವನು. ಒನ್ನಿ ಇದೇ ಗುಂಪಿನ ಹುಡುಗ. 1908ರ ಹೊತ್ತಿಗೆ ಪಂಚಾಂಗದ ಹೆಸರಿನ ಪಟ್ಟಿಯನ್ನೂ ಫಿನ್ನಿಷ್ ಹೆಸರುಗಳಿಂದ ತುಂಬಿದರು. ಅಲ್ಲಿ ಪ್ರತಿ ಹೆಸರಿಗೂ ವರ್ಷದಲ್ಲಿ ಒಂದು ದಿನ, ಆ ದಿನ ಆ ಹೆಸರಿನವರಿಗೆಲ್ಲ ಕೇಕು, ಕಾಫಿ.

ಹೆಸರಾದ ಒನ್ನಿಗಳೂ ಇದ್ದಾರೆ. ಒನ್ನಿ ಪೆಲ್ಲಿನೆನ್ 1924, 1928, 1932 ಮೂರೂ ಒಲಿಂಪಿಕ್ಸ್‌ನಲ್ಲಿ ಕುಸ್ತಿಗೆ ಪದಕ ತಂದವರು. 1960ರಲ್ಲಿ ರೋಮಿನಲ್ಲಿ ಬರಿಗಾಲಲ್ಲಿ ಓಡಿ ಮ್ಯಾರಥಾನ್ ಗೆದ್ದ ಇಥಿಯೋಪಿಯಾದ ಅಬೆಬೆ ಬಿಕಿಲಾ ಗೊತ್ತಲ್ವಾ? ಅವರ ಕೋಚ್ ಒನ್ನಿ ನಿಸ್ಕಾನೆನ್, ಫಿನ್ನಿಷ್ ಮೂಲದ ಸ್ವೀಡನ್ನಿನವರು. ಚಿಕ್ಕಪ್ಪನ ಬಾಯಿ ಮುಚ್ಚಿಸಲು ನನಗೆ ಇವರಿಬ್ಬರು ಸಾಕು.

ಆಮೇಲೆ ಈ ಹೆಸರು ಹಳೇದಾಯಿತು. ನನ್ನ ಗಂಡನ ಕಾಲಕ್ಕೆ ಒನ್ನಿ ಅಂದರೆ ತಾತಂದಿರ ಹೆಸರು, ನಮ್ಮಲ್ಲಿ ಈಗ ರಂಗಪ್ಪ ಅಂದ ಹಾಗೆ. ಅಲ್ಲಿ ಹೆಸರುಗಳು ಸುಮಾರು ನೂರು ವರ್ಷಕ್ಕೊಮ್ಮೆ ಸುತ್ತಿ ಬರುತ್ತವೆ ಅಂತ ಮಾತಿದೆ. ಅಪ್ಪಂದಿರ ಹೆಸರು ಯಾರಿಗೂ ಬೇಡ, ಮುತ್ತಜ್ಜಂದಿರದ್ದು ಮಾತ್ರ ಮುದ್ದು. 2000 ದಾಟಿದ ಮೇಲೆ ಒನ್ನಿ ಹಾಗೆ ವಾಪಸ್ ಬಂದ, ಈಗ ಯಾವ ಆಟದ ಮೈದಾನದಲ್ಲಿ ಕೂಗಿದರೂ ಇಬ್ಬರು ತಿರುಗುತ್ತಾರೆ. ರಂಗಪ್ಪನಿಗೂ ಆ ಕಾಲ ಬರಲಿ ಅಂತ ನನಗೆ ಆಸೆ.

ಇನ್ನು ನಮ್ಮ ಮನೆಯ ನಾಮಕರಣದ ರಾಮಾಯಣ. ಫಿನ್‌ಲ್ಯಾಂಡಿನಲ್ಲಿ ಮಗು ಹುಟ್ಟಿ ಮೂರು ತಿಂಗಳೊಳಗೆ ಹೆಸರು ಬರೆಸಿದರೆ ಸಾಕು. ಅಲ್ಲಿಯವರೆಗೆ ಅಪ್ಪ ಅಮ್ಮ ಹೆಸರನ್ನು ಯಾರಿಗೂ ಹೇಳುವುದಿಲ್ಲ, ಅಜ್ಜ ಅಜ್ಜಿಗೂ ಇಲ್ಲ. ಚರ್ಚಿನಲ್ಲೋ ಮನೆಯಲ್ಲೋ ನಡೆಯುವ ಸಮಾರಂಭದಲ್ಲೇ ಎಲ್ಲರಿಗೂ ಒಟ್ಟಿಗೆ ಗೊತ್ತಾಗಬೇಕು. ಇಲ್ಲಿ ಅಮ್ಮ ಹನ್ನೊಂದನೇ ದಿನದಿಂದ ದಿನಾ ಫೋನು. "ಹೆಸರಿಲ್ಲದ ಮಗೂನ ಹೇಗೆ ಎತ್ಕೊಳ್ತೀರೇ?" ಮನೆಯಲ್ಲಿ ನಾವು ವೌವ ವೌವ ಅನ್ನುತ್ತಿದ್ದೆವು. ವೌವ ಅಂದರೆ ಪಾಪು, ಅಷ್ಟೇ. ಫೋನಿನಲ್ಲಿ ಅದನ್ನು ಕೇಳಿಸಿಕೊಂಡ ಅಮ್ಮ ಅದೇ ಹೆಸರು ಅಂದುಕೊಂಡು ಬೀದಿಗೆಲ್ಲ ಹಂಚಿಬಿಟ್ಟಿದ್ದಳು. ಈಗಲೂ ಎದುರು ಮನೆಯವರು ವೌವ ಚೆನ್ನಾಗಿದಾನಾ ಅಂತ ಕೇಳುತ್ತಾರೆ.

ನಿಜವಾದ ಹೆಸರು ಗೊತ್ತಾದ ಮೇಲೆ ಅಮ್ಮನಿಗೆ ಇನ್ನೊಂದು ಚಿಂತೆ. ಈ ಹೆಸರು ಬಂದದ್ದು ನಮ್ಮ ಅತ್ತೆಯ ದೊಡ್ಡಪ್ಪನಿಂದ. ಅವರು ಚಳಿಗಾಲದ ಯುದ್ಧದಲ್ಲಿ ತೀರಿಕೊಂಡವರು. 1939ರ ನವೆಂಬರ್ 30ಕ್ಕೆ ಸೋವಿಯತ್ ಸೇನೆ ನುಗ್ಗಿತು, 105 ದಿನ ನಡೆಯಿತು, 1940ರ ಮಾರ್ಚ್ 13ಕ್ಕೆ ನಿಂತಿತು. ಆ ದೇಶದವರು ತಮ್ಮ ಸತ್ತ ಸೈನಿಕರನ್ನು ಆದಷ್ಟೂ ಅವರವರ ಊರಿಗೇ ತಂದು ಚರ್ಚಿನ ಪಕ್ಕ ಮಣ್ಣು ಮಾಡಿದರು. ಹಾಗಾಗಿ ಪ್ರತಿ ಊರಲ್ಲೂ ಒಂದೇ ಅಳತೆಯ ಕಲ್ಲುಗಳ ಸಾಲು ಇದೆ. ಕ್ರಿಸ್‌ಮಸ್ ಹಿಂದಿನ ಸಂಜೆ ಅಲ್ಲಿ ಮೇಣದಬತ್ತಿ ಹಚ್ಚುತ್ತಾರೆ. ಕಳೆದ ವರ್ಷ ಹೋಗಿದ್ದಾಗ ಮಗನಿಗೆ ಆಗಷ್ಟೇ ಅಕ್ಷರ ಕೂಡಿಸಲು ಬರುತ್ತಿತ್ತು. ಕೈಗವಸಿನಲ್ಲಿ ಹಿಮ ಒರೆಸಿ ಕಲ್ಲಿನ ಮೇಲಿನದನ್ನು ಓದಿದ. ತೊಯ್ವೊ. ಆರ್ಮಸ್. ಮೂರನೆಯದಕ್ಕೆ ನನ್ನ ಕಡೆ ತಿರುಗಿ, ಕನ್ನಡದಲ್ಲಿ, "ಅಮ್ಮ, ಇಲ್ಲಿ ನಾನಿದೀನಿ" ಅಂದ. 1917–1940. ಭರವಸೆ, ಪ್ರೀತಿಯವನು, ಭಾಗ್ಯ ಅಂತೆಲ್ಲ ಹೆಸರಿಡಿಸಿಕೊಂಡ ಹುಡುಗರು ಸಾಲಾಗಿ ಮಲಗಿದ್ದರು. ನನಗೆ ಏನು ಹೇಳಬೇಕೋ ತಿಳಿಯಲಿಲ್ಲ. ಬತ್ತಿ ಹಚ್ಚು ಅಂದೆ.

ಅಮ್ಮ ಕೇಳಿದ್ದೂ ಅದನ್ನೇ. ಇಪ್ಪತ್ತಮೂರಕ್ಕೆ ಹೋದವನ ಹೆಸರು ಯಾಕೆ, ಬೇರೆ ಸಿಗಲಿಲ್ವಾ? ನಾನು ಹೋಗಿ ಅತ್ತೆಗೆ ಹೇಳಿದೆ. ಅವರು ಕಾಫಿ ಬಗ್ಗಿಸುತ್ತಾ ಹೇಳಿದರು: ಅವನು ತನ್ನ ಪಾಲಿನ ಒನ್ನಿಯನ್ನು ಬಳಸಿಯೇ ಇಲ್ಲ, ಹಾಗೇ ಉಳಿದಿದೆ, ಹುಡುಗ ಬಳಸಲಿ.

ಇದು ಅತ್ತೆ ತಮಾಷೆಗೆ ಆಡಿದ ಮಾತಲ್ಲ ಅಂತ ನನಗೆ ನಿಧಾನಕ್ಕೆ ಅರ್ಥವಾಯಿತು. ಹಳೇ ಕಾಲದ ಫಿನ್‌ಲ್ಯಾಂಡಿನ ಹಳ್ಳಿಗಳಲ್ಲಿ ಒನ್ನಿ ಅಂದರೆ ಮನಸ್ಸಿನ ಭಾವನೆ ಅಲ್ಲ, ಮನೆಯಲ್ಲಿರುವ ಧಾನ್ಯದ ಥರ ಒಂದು ವಸ್ತು. ಬಗೆಬಗೆಯದ್ದು ಇತ್ತು. ದನಕರುಗಳ ಒನ್ನಿ, ಮೀನಿನ ಒನ್ನಿ, ಬೇಟೆಯ ಒನ್ನಿ. ಅಳತೆಗೆ ಇಷ್ಟೇ ಅಂತ ಇರುತ್ತಿತ್ತು. ಪಕ್ಕದ ಮನೆಯವರಿಗೆ ಜಾಸ್ತಿ ಆದರೆ ನಮ್ಮದರಲ್ಲೇ ಕಮ್ಮಿ ಆಗಿದೆ ಅಂತ ಲೆಕ್ಕ. ಕದಿಯಲೂ ಬರುತ್ತಿತ್ತು! ಅತ್ತೆಯವರದು ಪಶ್ಚಿಮದ ಸೆಯ್ನ್ಯಾಯೊಕಿ ಕಡೆ. ಆ ಸೀಮೆಯಲ್ಲಿ ಈಸ್ಟರ್ ರಾತ್ರಿ ತ್ರುಲ್ಲಿ ಅನ್ನುವ ಮಾಟಗಾತಿಯರು ಬೇರೆಯವರ ಕೊಟ್ಟಿಗೆಗೆ ನುಗ್ಗಿ ಹಸುವಿನ ಕೂದಲೋ ಕುರಿಯ ಉಣ್ಣೆಯೋ ಒಂದು ಚೂರು ಕತ್ತರಿಸಿಕೊಂಡು ಹೋಗುತ್ತಾರೆ, ಅದರ ಜೊತೆ ಆ ಮನೆಯ ಹಾಲು ಬೆಣ್ಣೆಯ ಭಾಗ್ಯವೂ ಹೋಗುತ್ತೆ ಅಂತ ನಂಬಿದ್ದರು. ಅವರನ್ನು ಓಡಿಸಲು ದೊಡ್ಡ ಬೆಂಕಿ ಹಾಕುತ್ತಿದ್ದರು. ಆ ಬೆಂಕಿ ಅಲ್ಲಿ ಇವತ್ತಿಗೂ ಹಾಕುತ್ತಾರೆ, ಈಗ ಅದರ ಪಕ್ಕ ಸಾಸೇಜ್ ಸುಟ್ಟುಕೊಂಡು ತಿನ್ನುತ್ತಾರೆ ಅಷ್ಟೇ.

ನಮ್ಮ ದೃಷ್ಟಿ ತೆಗೆಯುವವರಿಗೆ ಇದನ್ನು ಬಿಡಿಸಿ ಹೇಳಬೇಕಾ? ಅವರ ದೊಡ್ಡ ಕವಿ ಎಯ್ನೊ ಲೆಯ್ನೊ 1900ರಲ್ಲಿ ಬರೆದ ಒಂದು ಸಾಲು ಅಲ್ಲಿ ಎಲ್ಲರ ಬಾಯಲ್ಲೂ ಇದೆ. ಒನ್ನಿ ಇದ್ದವನು ಅದನ್ನು ಬಚ್ಚಿಟ್ಟುಕೊಳ್ಳಲಿ ಅಂತ. ಇದನ್ನು ಅಮ್ಮನಿಗೆ ಕನ್ನಡದಲ್ಲಿ ಹೇಳಿದಾಗ ಮೊದಲ ಸಲ ಅವಳು ಆ ದೇಶದ ಬಗ್ಗೆ "ಬುದ್ಧಿವಂತರು ಕಣೇ" ಅಂದಳು. ಮುಂದಿನ ಸಲ ನಾವು ಊರಿಗೆ ಬಂದಾಗ ಹುಡುಗನ ಕೆನ್ನೆಗೆ ಕಪ್ಪು ಬೊಟ್ಟು ದಪ್ಪಗೆ ಬಿತ್ತು. ಹೆಸರಲ್ಲೇ ಭಾಗ್ಯ ಅಂತ ಬರೆದುಕೊಂಡು ಓಡಾಡುವವನಿಗೆ ಚಿಕ್ಕ ಬೊಟ್ಟು ಸಾಲಲ್ಲ ಅನ್ನುವುದು ಅವಳ ಲೆಕ್ಕ. ನನಗೂ ಒಳಗೊಳಗೇ ಸರಿ ಅನ್ನಿಸಿತು. ಬಚ್ಚಿಡಬೇಕಾದ್ದನ್ನು ದಿನಕ್ಕೆ ನೂರು ಸಲ ಮೈದಾನದಲ್ಲಿ ನಿಂತು ಕೂಗುವುದು ಸ್ವಲ್ಪ ಧೈರ್ಯದ ಕೆಲಸವೇ.

ಅದಕ್ಕೇ ಯಾರಾದರೂ "ಓ, ಪ್ರಪಂಚದಲ್ಲೇ ಸಂತೋಷದ ದೇಶ ಅಲ್ವಾ, ಅದಕ್ಕೇ ಈ ಹೆಸರು" ಅಂದರೆ ನನಗೆ ಸಣ್ಣಗೆ ಸಿಟ್ಟು ಬರುತ್ತೆ. 2018ರಿಂದ 2025ರವರೆಗೆ ಸಾಲಾಗಿ ಫಿನ್‌ಲ್ಯಾಂಡ್ ಆ ಪಟ್ಟಿಯಲ್ಲಿ ಮೊದಲು, ನಿಜ. ಆದರೆ ಅಲ್ಲಿ ಕೇಳುವುದು ನಗುತ್ತೀರಾ ಅಂತ ಅಲ್ಲ. ಸೊನ್ನೆಯಿಂದ ಹತ್ತರ ಏಣಿ ಅಂದುಕೊಳ್ಳಿ, ನಿಮ್ಮ ಬದುಕು ಎಷ್ಟನೇ ಮೆಟ್ಟಿಲ ಮೇಲಿದೆ ಅಂತ ಕೇಳುತ್ತಾರೆ. ಫಿನ್ನಿಷರು ಯೋಚಿಸಿ, ಮನೆ ಇದೆ, ಆಸ್ಪತ್ರೆ ಇದೆ, ಕಾಡು ಇದೆ, ಪರವಾಗಿಲ್ಲ ಅಂತ ಲೆಕ್ಕ ಹಾಕಿ ಹೇಳುತ್ತಾರೆ. ನನ್ನ ಗಂಡನ ಮುಖ ನೋಡಿ ಯಾರೂ ಇವರು ಮೊದಲ ಸ್ಥಾನದ ದೇಶದವರು ಅನ್ನುವುದಿಲ್ಲ.

ಕೊನೆಯದಾಗಿ ಉಚ್ಚಾರಣೆ. ಇದರಲ್ಲಿ ಕನ್ನಡದವರು ಪ್ರಪಂಚದ ಮುಕ್ಕಾಲು ಜನಕ್ಕಿಂತ ಮುಂದಿದ್ದಾರೆ, ಆದರೂ ತಪ್ಪುತ್ತಾರೆ. ಫಿನ್ನಿಷ್‌ನಲ್ಲೂ ನಮ್ಮ ಹಾಗೇ ಹ್ರಸ್ವ ದೀರ್ಘ ಬದಲಾದರೆ, ಒತ್ತಕ್ಷರ ಬಿಟ್ಟರೆ ಅರ್ಥವೇ ಬೇರೆ. ತುಲಿ ಅಂದರೆ ಬೆಂಕಿ, ತೂಲಿ ಅಂದರೆ ಗಾಳಿ, ತುಲ್ಲಿ ಅಂದರೆ ಸುಂಕ. ನಮ್ಮ ಕತೆಗೂ ಕತ್ತೆಗೂ ಇರುವಷ್ಟೇ ದೂರ. ಪ್ರತ್ಯಯ ಅಂಟಿಸುವುದೂ ಒಂದೇ ಥರ, ನಾವು ಒನ್ನಿಗೆ ಅಂದರೆ ಅವರು ಒನ್ನಿಲ್ಲೆ. 1856ರಲ್ಲಿ ಕಾಲ್ಡ್‌ವೆಲ್ ದ್ರಾವಿಡ ಭಾಷೆಗಳ ವ್ಯಾಕರಣ ಬರೆದಾಗ ಇಂಥದ್ದನ್ನೆಲ್ಲ ನೋಡಿ ಎರಡೂ ಕಡೆ ನಂಟಿರಬಹುದು ಅಂದುಕೊಂಡಿದ್ದರು. ಈಗಿನ ಭಾಷಾ ಪಂಡಿತರು ಅದನ್ನು ಒಪ್ಪುವುದಿಲ್ಲ. ನಂಟು ಇರಲಿ ಬಿಡಲಿ, ಕನ್ನಡ ಲಿಪಿಯಲ್ಲಿ ಬರೆದ ಹಾಗೇ ಓದಿದರೆ ಸಾಕು, ಒ-ನ್ನಿ. ಎಳೆಯಬೇಡಿ.

ಅಮ್ಮ ಮಾತ್ರ ಇದ್ಯಾವುದನ್ನೂ ಕೇಳುವುದಿಲ್ಲ. ನಮ್ಮ ಕಡೆ ಹಕಾರ ನುಂಗುತ್ತಾರಲ್ಲ, ಹಾಸನ ಆಸನ ಆಗುತ್ತಲ್ಲ. ಹಾಗಾಗಿ ಒನ್ನಿ ಅಂದರೆ ನುಂಗಿದ ಹೊನ್ನಿ ಅಂತ ಅವಳೇ ತೀರ್ಮಾನ ಮಾಡಿ, ಹಕಾರ ವಾಪಸ್ ಸೇರಿಸಿ, ಹೊನ್ನಿ ಅಂತಲೇ ಕರೆಯುತ್ತಾಳೆ. ಅದು ಹುಡುಗಿಯ ಹೆಸರಮ್ಮ ಅಂದರೆ, ಚಿನ್ನಕ್ಕೆಂಥ ಹುಡುಗ ಹುಡುಗಿ ಅನ್ನುತ್ತಾಳೆ. ಅವನು ಹೊನ್ನಿ ಅಂದರೂ ಓಡಿ ಬರುತ್ತಾನೆ. ಓನಿ ಅಂದರೆ ತಿರುಗಿಯೂ ನೋಡಲ್ಲ.