ಮೀನಿನ ತೊಟ್ಟಿಗೆ ಮೈಲುತುತ್ತ ಬೇಡ

ಅಡಿಕೆ ಬೆಳೆಯುವ ಊರಲ್ಲಿ ಮೀನು ಸಾಕಿದರೆ ಒಂದು ಪುಕ್ಕಟೆ ಸಲಹೆ ಸಿಕ್ಕೇ ಸಿಗುತ್ತದೆ: "ನೀರು ಹಸಿರಾಯ್ತಾ? ಚಿಟಿಕೆ ಮೈಲುತುತ್ತ ಹಾಕಿ." ಅಡಿಕೆಯ ಕೊಳೆರೋಗಕ್ಕೆ ಬೋರ್ಡೋ ದ್ರಾವಣ ಹೊಡೆಯಲು ಅದು ಎಲ್ಲರ ಮನೆಯಲ್ಲೂ ಇರುತ್ತದಲ್ವಾ! ಪಾಚಿ ಸಾಯುವುದೂ ನಿಜ. ಆದರೆ ಮೈಲುತುತ್ತದಲ್ಲಿರುವ ತಾಮ್ರ ಮೀನಿನ ಕಿವಿರಿಗೂ ವಿಷ. ನಮ್ಮ ಮಲೆನಾಡಿನ ಬಾವಿ ನೀರಿನಂಥ, ಸುಣ್ಣದ ಅಂಶ ಕಡಿಮೆಯಿರುವ ಮೆದು ನೀರಲ್ಲಿ ಅದರ ಏಟು ಇನ್ನೂ ಜಾಸ್ತಿ. ಸಾಲದ್ದಕ್ಕೆ, ಒಟ್ಟಿಗೇ ಸತ್ತ ಪಾಚಿ ಕೊಳೆಯುತ್ತಾ ನೀರಿನ ಆಮ್ಲಜನಕ ಎಳೆದುಕೊಳ್ಳುತ್ತದೆ. ಬೆಳಗಿನ ಜಾವ ಮೀನೆಲ್ಲ ಮೇಲೆ ಬಂದು ಬಾಯಿ ಬಾಯಿ ಬಿಡುತ್ತವೆ.

ನಮ್ಮ ಬಚ್ಚಲ ಹಿಂದಿನ ಸಿಮೆಂಟ್ ತೊಟ್ಟಿಯಲ್ಲಿ ಗಪ್ಪಿ, ನಾಲ್ಕಾರು ಕೋಯಿ ಇವೆ. ಕರೆಂಟ್ ತಂತಿಗೆ ತಾಗುತ್ತದೆಂದು ಹಲಸಿನ ಕೊಂಬೆ ಕಡಿದರು ನೋಡಿ, ಆ ಬೇಸಿಗೆಯಲ್ಲೇ ನೀರು ಹಸಿರಾಯಿತು. ಲೋಟದಲ್ಲಿ ಹಿಡಿದರೆ ಕಸ ಒಂದೂ ಇಲ್ಲ, ನೀರಿಗೇ ಬಣ್ಣ. ಅದು ಕೊಳೆಯಲ್ಲ, ಕಣ್ಣಿಗೆ ಕಾಣದಷ್ಟು ಸಣ್ಣ ಪಾಚಿ. ಬಿಸಿಲು ಮತ್ತು ಮೀನಿನ ಹಿಕ್ಕೆ, ಇವೆರಡಿದ್ದರೆ ಅದಕ್ಕೆ ಹಬ್ಬ. ಸುಮ್ನೆ ನೀರು ಬದಲಿಸಿದರೆ ಕೆಲವೇ ದಿನದಲ್ಲಿ ಮತ್ತೆ ಹಸಿರು.

ಅದಕ್ಕೇ ನಾನು ನೆರಳು ವಾಪಸ್ ತಂದೆ. ಒಂದು ಕುಂಡದಲ್ಲಿ ನೈದಿಲೆ, ಮೇಲೆ ಅಂತರಗಂಗೆ. ಅಂತರಗಂಗೆಯ ಬೇರು ನೀರಲ್ಲೇ ಜೋತುಬಿದ್ದು, ಪಾಚಿಗೆ ಬೇಕಾದ ಸಾರವನ್ನು ತಾನೇ ಹೀರುತ್ತದೆ. ಆದರೆ ಅದು ಮಹಾ ದುರಾಸೆಯ ಗಿಡ. ಅರ್ಧಕ್ಕಿಂತ ಸ್ವಲ್ಪ ಜಾಸ್ತಿ ನೀರು ಮುಚ್ಚುವಷ್ಟು ಬಿಟ್ಟು, ಉಳಿದದ್ದನ್ನು ತೆಗೆದು ಗೊಬ್ಬರದ ಗುಂಡಿಗೆ ಹಾಕುತ್ತೇನೆ. ದಯವಿಟ್ಟು ಕೆರೆಗೆ, ಹಳ್ಳಕ್ಕೆ ಎಸೆಯಬೇಡಿ. ಮೀನಿನ ಆಹಾರವೂ ಕಡಿಮೆಯಾಯಿತು: ಎರಡು ಮೂರು ನಿಮಿಷದಲ್ಲಿ ತಿಂದು ಮುಗಿಸುವಷ್ಟೇ. ಮೊಮ್ಮಗಳ ಮುಷ್ಟಿ ಲೆಕ್ಕ ಬಂದ್. ನೀರು ತಿಳಿಯಾಗಲು ವಾರಗಳೇ ಹಿಡಿದವು, ಅವಸರ ಇದ್ದವರಿಗೆ ಇದು ಆಗಿಬರುವುದಿಲ್ಲ.

ನೂಲು ನೂಲಾಗಿ ಬರುವ ಪಾಚಿಯದು ಬೇರೆ ಕಥೆ. ಅದಕ್ಕೆ ಸವೆದ ಕಡ್ಡಿಪೊರಕೆಯೇ ಮದ್ದು. ಮುಳುಗಿಸಿ ಮೆಲ್ಲಗೆ ತಿರುಗಿಸಿದರೆ ಶ್ಯಾವಿಗೆಯ ಹಾಗೆ ಸುತ್ತಿಕೊಂಡು ಬರುತ್ತದೆ. ದಂಡೆಗೆ ಎಸೆಯುವ ಮೊದಲು ನೀರಲ್ಲೇ ಒಮ್ಮೆ ಕೊಡವಬೇಕು. ಎಳೆಗಳ ನಡುವೆ ರೆಪ್ಪೆಗೂದಲಷ್ಟು ಗಪ್ಪಿ ಮರಿಗಳು ಸಿಕ್ಕಿಕೊಂಡಿರುತ್ತವೆ.

ಗೋಡೆಗೆ ಅಂಟಿದ ತೆಳು ಪಾಚಿಯನ್ನು ಮಾತ್ರ ನಾನು ಮುಟ್ಟುವುದಿಲ್ಲ. ಗಪ್ಪಿಗಳು ಅದನ್ನೇ ದಿನವಿಡೀ ಮೇಯುತ್ತವೆ. "ತಿಕ್ಕಿ ತೊಳೀಬಾರ್ದಾ?" ಎನ್ನುವ ನೆಂಟರಿಗೆ ಅಂಗಳದ ಮೆಟ್ಟಿಲು ತೋರಿಸುತ್ತೇನೆ. ಮಳೆಗಾಲದಲ್ಲಿ ಅಲ್ಲಿ ಬೇಕಾದಷ್ಟು ಇದೆ, ಬ್ರಶ್ ನಾನೇ ಕೊಡುತ್ತೇನೆ.