ಅನಂತಪುರದ ಪದವಿನಲ್ಲಿ ಅರ್ಧ ದಿನ: ಹೋಗುವವರಿಗೆ ಕೆಲವು ಮಾತು

ದಣಿದ ಮನಸ್ಸಿಗೆ ವಿಶ್ರಾಂತಿ ಬೇಕೆಂದು ಕಾಸರಗೋಡಿಗೆ ಬರುವವರು ಬೇಕಲ, ರಾಣಿಪುರಂ, ಪೊಸಡಿಗುಂಪೆಗಳನ್ನು ಒಂದೇ ದಿನಕ್ಕೆ ತುರುಕಿ ಇನ್ನಷ್ಟು ದಣಿದು ಮರಳುತ್ತಾರೆ. ಕುಂಬಳೆ ಹತ್ತಿರದ ಅನಂತಪುರದ ಪದವು, ಅಂದರೆ ಕಲ್ಲುಹಾಸಿನ ಎತ್ತರದ ಬಯಲು, ಒಂದೇ ಸಾಕು.

ಕುಂಬಳೆಯಲ್ಲಿ ಎಲ್ಲ ಎಕ್ಸ್‌ಪ್ರೆಸ್ ರೈಲುಗಳೂ ನಿಲ್ಲುವುದಿಲ್ಲ. ಮಂಗಳೂರಿನಿಂದ ಬೆಳಗಿನ ಪ್ಯಾಸೆಂಜರ್ ಅಥವಾ ಕಾಸರಗೋಡು ಬಸ್ಸು ಹಿಡಿಯಿರಿ. ಪೇಟೆಯಿಂದ ಬದಿಯಡ್ಕ ರಸ್ತೆಯಲ್ಲಿ ನಾಯ್ಕಾಪಿನ ಮೂಲಕ ಸುಮಾರು 5 ಕಿ.ಮೀ. ವಾಪಸು ಬರಲು ಅಲ್ಲಿ ಆಟೋ ಸಿಗುವುದು ಕಷ್ಟ. ಬಿಟ್ಟುಹೋಗುವ ಚಾಲಕರಿಗೇ ಮತ್ತೆ ಬರುವ ಹೊತ್ತು ಹೇಳಿಡಿ.

ಕೆರೆಯ ನಡುವಿನ ಅನಂತಪದ್ಮನಾಭನ ದೇವಸ್ಥಾನವನ್ನು ಮೊದಲು ನೋಡಿ, ಮಧ್ಯಾಹ್ನ ನಡೆ ಮುಚ್ಚುತ್ತಾರೆ. ಈ ಕೆರೆಯಲ್ಲಿದ್ದ ಬಬಿಯಾ ಎಂಬ ಮೊಸಳೆ 2022ರ ಅಕ್ಟೋಬರ್‌ನಲ್ಲಿ ತೀರಿಕೊಂಡಿತು. ಮರುವರ್ಷ ಇನ್ನೊಂದು ಕಾಣಿಸಿಕೊಂಡಿದೆ. ನೀರಿಗೆ ಇಳಿಯಬೇಡಿ.

ನಿಜವಾದ ವಿಶ್ರಾಂತಿ ಸುತ್ತಲಿನ ಮುರಕಲ್ಲಿನ (ಜಂಬಿಟ್ಟಿಗೆ ಕಲ್ಲಿನ) ಪದವಿನಲ್ಲಿದೆ. ಆಗಸ್ಟ್, ಸೆಪ್ಟೆಂಬರ್ ಒಳ್ಳೆಯ ಕಾಲ. ಕಲ್ಲಿನ ತಗ್ಗುಗಳಲ್ಲಿ ಬೆರಳಿನ ಉಗುರಿನಷ್ಟು ನೀಲಿ ಹೂ ಹಾಸಿರುತ್ತದೆ: ಯುಟ್ರಿಕ್ಯುಲೇರಿಯಾ. ಬಗ್ಗಿ ನೋಡಿ, ಎಲೆ ಕಾಣುವುದೇ ಅಪರೂಪ. ಇದಕ್ಕೆ ಬೇರಿಲ್ಲ, ಇಲ್ಲಿನ ತೆಳು ಮಣ್ಣಿನಲ್ಲಿ ಸಾರಜನಕ ಕಡಿಮೆ, ಹಾಗಾಗಿ ಪುಟ್ಟ ಚೀಲಗಳಲ್ಲಿ ನೀರಿನ ಸೂಕ್ಷ್ಮ ಜೀವಿಗಳನ್ನು ಹಿಡಿದು ಬದುಕುತ್ತದೆ. ಹೂವು ತುಳಿಯದೆ ಬರಿಗಲ್ಲಿನ ಮೇಲೆಯೇ ನಡೆಯಿರಿ.

ಕೆಲಸದಲ್ಲಿ ಬಲವಂತವಾಗಿ ಹಿಡಿದಿಟ್ಟ ಗಮನ ಸವೆಯುತ್ತದೆ. ಹುಲ್ಲು, ಮೋಡದಂಥವು ಪ್ರಯತ್ನವಿಲ್ಲದೆ ಸೆಳೆದಾಗ ಅದು ಚೇತರಿಸಿಕೊಳ್ಳುತ್ತದೆ ಎಂಬುದು ಮನೋವಿಜ್ಞಾನಿಗಳಾದ ರೇಚಲ್ ಮತ್ತು ಸ್ಟೀಫನ್ ಕಪ್ಲಾನ್ ಅವರ ವಿವರಣೆ. ಆದ್ದರಿಂದ ಮೊಬೈಲನ್ನು ಸೈಲೆಂಟ್ ಮಾಡಿ ಚೀಲದ ತಳದಲ್ಲಿಡಿ, ಒಂದೇ ಕಡೆ ಅರ್ಧ ಗಂಟೆಯಾದರೂ ಕೂತಿರಿ. ಮೊದಲ ಹತ್ತು ನಿಮಿಷ ಚಡಪಡಿಕೆ ಸಹಜ, ಆಗಲೇ ಏಳಬೇಡಿ. ಗುಂಪಿನಲ್ಲಿ ಹೋದರೆ ಮಾತು ನಿಲ್ಲುವುದಿಲ್ಲ. ಇಬ್ಬರಿದ್ದರೆ ಚೆನ್ನ, ಜಾರಿಬಿದ್ದರೂ ನೆರವಿರುತ್ತದೆ.

ಜಾರುವುದಂತೂ ಸುಲಭ. ಒದ್ದೆ ಮುರಕಲ್ಲಿನ ಕಪ್ಪು ಪಾಚಿ ಕಣ್ಣಿಗೆ ಕಲ್ಲಿನಂತೆಯೇ ಕಾಣುತ್ತದೆ. ಸವೆದ ಚಪ್ಪಲಿ ಬೇಡ. ಗಾಳಿಗೆ ಕೊಡೆ ನಿಲ್ಲುವುದಿಲ್ಲ, ರೈನ್‌ಕೋಟ್ ಬೇಕು. ಕೂರಲು ಪ್ಲಾಸ್ಟಿಕ್ ಹಾಳೆ, ಒಬ್ಬರಿಗೆ 1 ಲೀಟರ್ ನೀರು ಒಯ್ಯಿರಿ. ಅಕ್ಟೋಬರ್–ನವೆಂಬರ್‌ನಲ್ಲಿ ಮಧ್ಯಾಹ್ನದ ನಂತರ ಗುಡುಗು ಬರುತ್ತದೆ. ಬಯಲಿನಲ್ಲಿ ನೀವೇ ಎತ್ತರದ ವಸ್ತು. ಮೊದಲ ಗುಡುಗಿಗೇ ಕಟ್ಟಡದೊಳಗೆ ಸೇರಿ, ಒಂಟಿ ಮರದಡಿ ನಿಲ್ಲಬೇಡಿ. ಮಾರ್ಚ್‌ನಿಂದ ಮೇವರೆಗೆ ಕಲ್ಲು ಬೇಗ ಕಾಯುತ್ತದೆ, ಬೆಳಗ್ಗೆ ಒಂಬತ್ತರೊಳಗೆ ಅಲ್ಲಿಂದ ಹೊರಟುಬಿಡಿ.

ವಾರಗಟ್ಟಲೆ ನಿದ್ದೆಯಿಲ್ಲದವರು ವೈದ್ಯರನ್ನು ಮೊದಲು ಕಾಣಬೇಕು. ಪದವು ಅದಕ್ಕೆ ಬದಲಿಯಲ್ಲ. ಉಳಿದವರು ಹೊಟ್ಟೆ ಹಸಿಯುವ ಮೊದಲೇ ಇಳಿಯಿರಿ, ಊಟಕ್ಕೆ ಕುಂಬಳೆ ಪೇಟೆಗೇ ಬರಬೇಕು.