ಸಾಲು ಸರಿದ ದಿನ

ಆಟಿ ತಿಂಗಳ ಬಿಡದ ಮಳೆ. ಬೆಳಿಗ್ಗೆ ಹತ್ತರ ಹೊತ್ತಿಗೆ ಸಿಸ್ಟರ್ ಫೋನ್ ಮಾಡಿದರು. "ಮಾಷ್ಟ್ರೇ, ನೀವು ವಾಟರ್ ಬೆಡ್ ಬರೆದ ಅಜ್ಜಿ ಇಲ್ಲಿ ಚಾವಡಿಯಲ್ಲಿ ಕೂತು ಅಡಿಕೆ ಸುಲಿಯುತ್ತಿದ್ದಾರಲ್ಲ!" ನನಗೆ ಎದೆ ಧಸಕ್ಕೆಂದಿತು.

ಕಾಸರಗೋಡಿನ ಬದಿಯಡ್ಕ, ಪೆರ್ಲ ಕಡೆಯ ಮನೆಗಳಿಗೆ ಹೋಗುವ ಸಣ್ಣ ಪಾಲಿಯೇಟಿವ್ (ಉಪಶಾಮಕ ಆರೈಕೆ) ತಂಡ ನಮ್ಮದು. 2008ರಲ್ಲಿ ಕೇರಳ ಸರಕಾರ ಇದಕ್ಕೊಂದು ನೀತಿ ತಂದಿತು; ಹಾಸಿಗೆ ಹಿಡಿದವರನ್ನು ಮನೆಗೇ ಹೋಗಿ ನೋಡಿಕೊಳ್ಳುವುದು ಇಲ್ಲಿ ಈಗ ಊರಿನ ಕೆಲಸವೇ ಆಗಿದೆ. ರೋಗಿಗಳ ಪಟ್ಟಿ ಸಿಸ್ಟರ ಗೂಗಲ್ ಶೀಟಿನಲ್ಲಿ. ಮಂಚ, ವೀಲ್‌ಚೇರ್, ವಾಟರ್ ಬೆಡ್‌ಗಳ ಲೆಕ್ಕ ನನ್ನ ಶೀಟಿನಲ್ಲಿ. ಅದೇ ಹೆಸರುಗಳನ್ನು ಇಬ್ಬರೂ ಯಾಕೆ ಬರೆಯುವುದೆಂದು ಇಂಪೋರ್ಟ್‌ರೇಂಜ್ (IMPORTRANGE) ಎಂಬ ಸೂತ್ರ ಹಾಕಿ ಅವರ ಪಟ್ಟಿಯನ್ನು ನನ್ನಲ್ಲಿಗೆ ಎಳೆದುಕೊಂಡಿದ್ದೆ. ಒಮ್ಮೆ ಅನುಮತಿ ಕೊಟ್ಟರಾಯಿತು, ಅಲ್ಲಿ ತಿದ್ದಿದ್ದು ಇಲ್ಲಿಗೂ ಬರುತ್ತದೆ. ಯಾರಿಗೆ ಏನು ಕೊಡಬೇಕೆಂದು ಪಕ್ಕದ ಕಾಲಂನಲ್ಲಿ ಕೈಯಾರೆ ಬರೆಯುತ್ತಾ ಹೋದೆ. ತಪ್ಪಿದ್ದು ಅಲ್ಲೇ.

ಹಿಂದಿನ ಸಂಜೆ ಸಿಸ್ಟರ್ ಹೊಸಬರೊಬ್ಬರನ್ನು ಪಟ್ಟಿಯ ನಡುವೆ ಸೇರಿಸಿದ್ದರು. ನನ್ನ ಶೀಟಿನಲ್ಲಿ ಅಲ್ಲಿಂದ ಕೆಳಗಿನ ಹೆಸರುಗಳೆಲ್ಲ ಒಂದೊಂದು ಸಾಲು ಇಳಿದವು. ನಾನು ಬರೆದದ್ದು ಇದ್ದಲ್ಲೇ ಉಳಿಯಿತು. ಬೆನ್ನಿಗೆ ಹುಣ್ಣಾಗಿ ಮಲಗಿದ್ದ ಅಜ್ಜಿಯ ವಾಟರ್ ಬೆಡ್ ಹಿಂದಿನ ಸಾಲಿನ ಅಜ್ಜಿಯ ಪಾಲಾಯಿತು. ತೋಡು ತುಂಬಿ ಹರಿಯುತ್ತಿದ್ದರಿಂದ ಜೀಪು ಅಂದು ಈಚೆ ದಾಟಲಿಲ್ಲ. ಅಂಥ ಬೆನ್ನಿಗೆ ಇನ್ನೂ ಒಂದು ರಾತ್ರಿ ಬರೀ ಚಾಪೆ. ಅದು ನನಗೆ ಈಗಲೂ ಮರೆತಿಲ್ಲ.

ಸಂಜೆ ಫೋನಿನಲ್ಲೇ ಇಬ್ಬರೂ ಕೂತೆವು. ನನ್ನ ಟಿಪ್ಪಣಿಗಳನ್ನು ಹೆಸರು ಹಿಡಿದು ಹೊಂದಿಸೋಣವೆಂದರೆ ಸಿಸ್ಟರ್ ಕೆಲವನ್ನು ಮಲಯಾಳದಲ್ಲಿ ಬರೆಯುತ್ತಾರೆ, ಕೆಲವನ್ನು ಕನ್ನಡದಲ್ಲಿ. ಕನ್ನಡದಲ್ಲೇ 'ಕಮಲ' ಬೇರೆ, 'ಕಮಲಾ' ಬೇರೆ. ನಮಗೆ ಒಬ್ಬರೇ, ಶೀಟಿಗೆ ಇಬ್ಬರು. ಫೋನ್ ನಂಬರ್ ಎಂದರೆ ಒಂದೇ ಮನೆಯಲ್ಲಿ ಇಬ್ಬರು ರೋಗಿಗಳು, ಇಬ್ಬರಿಗೂ ಮಗನದೇ ನಂಬರು. ಮನೆ ನಂಬರೂ ಆಗದು, 2025ರ ಪಂಚಾಯತು ಚುನಾವಣೆಗೆ ಮೊದಲು ವಾರ್ಡುಗಳನ್ನೇ ಹೊಸದಾಗಿ ವಿಂಗಡಿಸಿದ್ದರು. ಕೊನೆಗೆ ನಾವೇ ಒಬ್ಬೊಬ್ಬರಿಗೆ ಒಂದು ನಂಬರ್ ಕೊಟ್ಟೆವು. ಬರೀ 001 ಎಂದರೆ ಶೀಟು ಸೊನ್ನೆ ತಿಂದು 1 ಮಾಡುತ್ತದೆ, ಹಾಗಾಗಿ ಅಕ್ಷರ ಸೇರಿಸಿ ಪಿ101ರಿಂದ ಶುರು. ತೀರಿಕೊಂಡವರ ನಂಬರನ್ನು ಬೇರೆ ಯಾರಿಗೂ ಕೊಡುವುದಿಲ್ಲ. ನನ್ನ ಟಿಪ್ಪಣಿಗಳು ಆ ನಂಬರಿನ ಜೊತೆ ಬೇರೆ ಹಾಳೆಗೆ ಹೋದವು. ಅಲ್ಲಿಂದ ವಿಲುಕಪ್ (VLOOKUP) ಎಂಬ ಸೂತ್ರ ನಂಬರ್ ಹುಡುಕಿ ಟಿಪ್ಪಣಿ ತಂದುಕೊಡುತ್ತದೆ. ಸೂತ್ರದ ಕೊನೆಗೆ ಫಾಲ್ಸ್ (FALSE) ಹಾಕಲೇಬೇಕು, ಇಲ್ಲದಿದ್ದರೆ ಅದು ಸರಿಯಾದ ನಂಬರ್ ಸಿಗದಾಗ ಹತ್ತಿರದ್ದನ್ನು ಕೊಟ್ಟುಬಿಡುತ್ತದೆ. ಸಿಸ್ಟರ್ ನಡುವೆ ಒಂದು ಸುಳ್ಳು ಹೆಸರು ಸೇರಿಸಿ ನೋಡಿದರು. ಟಿಪ್ಪಣಿಗಳೂ ಹೆಸರಿನ ಜೊತೆಗೇ ಇಳಿದವು.

ಮರುದಿನ ಜೀಪಿನಲ್ಲಿ ನಾನೂ ಹೋದೆ. ಸೊಸೆ ಪೈಪು ಹಿಡಿದು ಬೆಡ್ಡಿಗೆ ನೀರು ತುಂಬಿಸಿದರು. ನಾಲ್ಕು ಜನ ಬೆಡ್‌ಶೀಟಿನ ನಾಲ್ಕು ಮೂಲೆ ಹಿಡಿದು ಅಜ್ಜಿಯನ್ನು ಮೆಲ್ಲಗೆ ಎತ್ತಿ ಅದರ ಮೇಲೆ ಮಲಗಿಸಿದೆವು. ಸಿಸ್ಟರ್ ಅಜ್ಜಿಯ ಪುಸ್ತಕದ ರಟ್ಟಿನ ಮೇಲೆ ಮಾರ್ಕರಿನಲ್ಲಿ ಪಿ114 ಎಂದು ಬರೆದರು.

"ಎಂತ ಬರೆದದ್ದು ಮಗಾ?"

"ನಿಮ್ಮ ನಂಬರ್ ಅಜ್ಜೀ."

"ಹೆಸರೂ ಬರಿ."

ಸಿಸ್ಟರ್ ಕೆಳಗೆ ಹೆಸರು ಬರೆದರು, ಮಲಯಾಳದಲ್ಲಿ ಒಮ್ಮೆ, ಕನ್ನಡದಲ್ಲಿ ಒಮ್ಮೆ.